ಉಪ್ಪು ನೋಡಿದ ಶುಕ್ರವಾರ

ಜನವರಿ 31, ಶುಕ್ರವಾರ

ಇವತ್ತು ಉಪವಾಸ. ಎದ್ದವಳೇ ಕೊಟ್ಟಿಗೆ ಬಾಚಿ, ಬಾಗಿಲಿಗೆ ನೀರು ಹಾಕಿ, ರಂಗೋಲಿ ಬಿಟ್ಟೆ. ಕೆಂದಿ ಒದ್ದಳು, ಒಂದಿಷ್ಟು ಹಾಲು ಚೆಲ್ಲಿತು. ಉಳಿದದ್ದು ಡೈರಿಗೆ. ಇವರಿಗೆ ಮುದ್ದೆ ಕಟ್ಟಿಟ್ಟು, ನಿನ್ನೆ ಹುರುಳಿ ಸಾರು ಬಿಸಿ ಮಾಡಿಟ್ಟೆ. ಸ್ನಾನ, ದೀಪ. ಗಂಗಮ್ಮ ತಾಯಿಗೆ ಕೈ ಮುಗಿದು ಒಂದು ಲೋಟ ನೀರು. ಅಷ್ಟೆ. ಸಂಜೆ ದೀಪ ಹಚ್ಚೋ ತನಕ ಉಪ್ಪು ಗಂಟಲಿಗೆ ಇಳಿಯಂಗಿಲ್ಲ.

ಯಾತಕ್ಕೆ ಅಂತ ಬಾಯಿಬಿಟ್ಟು ಹೇಳಂಗಿಲ್ಲ. ಉಪವಾಸ ಇದೀನಿ ಅನ್ನೋದೂ ಯಾರಿಗೂ ಗೊತ್ತಾಗಬಾರದು. ಬರೀಬಾರದು ಅಂತ ಅಕ್ಕಯ್ಯಮ್ಮ ಹೇಳಿಲ್ಲ, ಅದಕ್ಕೆ ಬರೀತಿದೀನಿ. ನನ್ನ ಮಗಳು ಶ್ಯಾಮಲನಿಗೆ ಎರಡು ಸಲ ನಿಂತದ್ದು ಎರಡು ಸಲವೂ ಹೋಯ್ತು. ಈಗ ಮತ್ತೆ ನಾಲ್ಕನೇ ತಿಂಗಳು. ಗಂಗಮ್ಮನ ಗುಡಿ ಗುಡಿಸೋ ಮುದುಕಿ ಅಕ್ಕಯ್ಯಮ್ಮ ಹೇಳಿದಳು: ಮಗಳ ಮಡಿಲಿಗೆ ಮಗು ಬರೋ ತನಕ ಶುಕ್ರವಾರ ಹಿಡಿ, ಹರಕೆ ಬಾಯಿಂದ ಆಚೆ ಬಂತೋ ಫಲ ಹೋಯ್ತು, ಗಂಡನಿಗೂ ಇಲ್ಲ, ಮಗಳಿಗೂ ಇಲ್ಲ ಅಂತ. ಅಡುಗೆಗೆ ಹೋದ ಕಡೆ ತಿಂದಿದೀನಿ ಅಂತ ಇವರು ಅನ್ಕೋತಾರೆ. ಮನೇಲಿ ತಿಂದು ಬಂದಿದೀನಿ ಅಂತ ಅಡುಗೆ ಕಡೆಯೋರು ಅನ್ಕೋತಾರೆ. ಸುಳ್ಳೇನೂ ಆಡಬೇಕಾಗಿಲ್ಲ. ಎಲೆ ಹಾಕಿದರೆ ಆಮೇಲೆ ತಿಂತೀನಿ ಅಂತೀನಿ, ಮತ್ತೆ ಯಾರೂ ಕೇಳಲ್ಲ.

ಕಾಮಸಮುದ್ರದಲ್ಲಿ ಗೃಹಪ್ರವೇಶದ ಅಡುಗೆ. ಯಾವತ್ತಿನ ಹಾಗೆ ನಾನು, ಮುನಿಗಂಗಮ್ಮಕ್ಕ, ರಾಧ. ಪಾತ್ರೆ ಜೊತೆ ನಾವೂ ಟೆಂಪೋ ಹಿಂದೆ. ಇವತ್ತು ಇನ್ನೊಬ್ಬಳು — ಕಲ್ಪನ ಅಂತ. ಚಿನ್ನದ ಗಣಿ ಕಡೆ ಕೋರಮಂಡಲ್‌ನವಳು, ತಾತ ಅಲ್ಲೇ ಗಣಿ ಕೆಲಸದಲ್ಲಿದ್ದೋರು. ಹುಡುಗಿ ಅಂತೀನಿ, ಮೂವತ್ತೈದು ದಾಟಿರಬೇಕು. ಅಡುಗೆಯೋರ ದಿನದ ಬದುಕು ಹೆಂಗಿರುತ್ತೆ ಅಂತ ಸಿನಿಮಾ ತೆಗೀತಾಳಂತೆ. ಕಂಪನಿ ಇಲ್ಲ, ಜನ ಇಲ್ಲ. ಒಬ್ಬಳೇ, ಒಂದು ಕ್ಯಾಮರಾ.

"ನಾನು ಇಲ್ಲ ಅಂತಲೇ ಅನ್ಕೊಳ್ಳಿ ಅಮ್ಮ. ಏನೂ ಕೇಳಲ್ಲ, ಏನೂ ಮಾಡಿ ಅನ್ನಲ್ಲ. ಸುಮ್ಮನೆ ನೋಡ್ತಿರ್ತೀನಿ."

ಮುನಿಗಂಗಮ್ಮಕ್ಕ ಬಿಡ್ತಾಳಾ? "ಇಲ್ಲ ಅನ್ಕೊಂಡ್ರೆ ನಿಂಗೆ ಎಲೇನೂ ಆಕಲ್ಲ ಕಣಮ್ಮಿ. ಆಮ್ಯಾಕೆ ಅಸಿವು ಅನ್ಬೇಡ."

ನನ್ನ ರವಿಕೆಗೆ ಸಣ್ಣ ಮೈಕು ಸಿಕ್ಕಿಸಿದಳು. ಜೀರುಂಡೆ ಗಾತ್ರ. ಸ್ವಲ್ಪ ಹೊತ್ತಿಗೆ ಮರೆತೇ ಹೋಯ್ತು.

ನಮ್ಮಲ್ಲಿ ಉಪ್ಪು ನೋಡೋದು ನಾನೇ. ಶುಕ್ರವಾರ ಮಾತ್ರ ರಾಧನ ಕೈಗೆ ಕೊಟ್ಟರೆ ಯಾಕಕ್ಕ ಅಂತಾಳೆ. ಅದಕ್ಕೆ ಅಂಗೈಗೆ ಒಂದು ತೊಟ್ಟು ಬಿಟ್ಕೊಂಡು, ನಾಲಿಗೆಗೆ ಮುಟ್ಟಿಸಿ, ಬಗ್ಗಿ ಮೋರಿಗೆ ಉಗಿದು, ಬಾಯಿ ಮುಕ್ಕಳಿಸ್ತೀನಿ. ತಾಯಿಗೆ ತಪ್ಪಾಯ್ತು ಅಂತ ಹೇಳ್ಕೋತೀನಿ. ಹಿತಕಿದಬೇಳೆ ಸಾರಿಗೆ ಇವತ್ತು ಉಪ್ಪು ಹದವಾಗಿ ಬಿದ್ದಿತ್ತು. ಎರಡನೇ ಸಲ ನೋಡೋದು ತಪ್ಪಿತು.

ಫೆಬ್ರವರಿ 2, ಭಾನುವಾರ

ಕಲ್ಪನ ಮನೆಗೇ ಬಂದಳು. ತೆಗೆದದ್ದು ತೋರಿಸ್ತೀನಿ ಅಂತ. ಇವರು ಪಕ್ಕದಲ್ಲೇ ಕೂತು ನೋಡಿದರು. ಕಿವಿಗೆ ಹಾಕೋದು ನನಗೆ ಮಾತ್ರ ಕೊಟ್ಟಳು, ಒಂದೇ ಇತ್ತು. ಆ ತಾಯಿಯ ದಯೆ!

ನನ್ನ ದನಿ ನನಗೇ ಕೇಳಿಸ್ತು. ಪಿಸುಪಿಸು... ಆದರೆ ಪಕ್ಕದಲ್ಲಿ ಯಾರೋ ಕೂತು ಹೇಳಿದಷ್ಟು ಸ್ಪಷ್ಟ. "ಉಪ್ಪು ನೋಡಿ ಉಗಿದೆ ತಾಯಿ. ಗಂಟಲಿಗೆ ಇಳಿಸಿಲ್ಲ. ಹಿಡಿದ ಶುಕ್ರವಾರ ಮುರಿದಿಲ್ಲ. ನನ್ನ ಶ್ಯಾಮಲನ ಮಡಿಲು ತುಂಬು."

ಬಾಯಲ್ಲಿ ಹೇಳ್ಕೋತೀನಿ ಅಂತಲೇ ನನಗೆ ಗೊತ್ತಿರಲಿಲ್ಲ! ಮನಸ್ಸಲ್ಲಿ ಅಂತ ಅನ್ಕೊಂಡಿದ್ದೆ.

ಕೊಟ್ಟಿಗೆ ಹಿಂದಕ್ಕೆ ಕರ್ಕೊಂಡು ಹೋದೆ ಅವಳನ್ನ. ಅದನ್ನ ತೆಗೆದುಬಿಡು ಅಂದೆ.

"ಅಮ್ಮ, ಅದೇ ಇಡೀ ಸಿನಿಮಾದ ಜೀವ."

"ಅದು ನಿನ್ನ ಸಿನಿಮಾದ ಜೀವ ಅಲ್ಲಮ್ಮ. ಬೇರೆ ಜೀವ."

ಹೇಳಬಾರದ್ದನ್ನೇ ಹೇಳಿದೆನೋ ಏನೋ ಅಂತ ನನಗೆ ಭಯ. ಆಮೇಲೆ ಅವಳೇ ಕೇಳಿದಳು, ಚಿತ್ರ ಇರಲಾ, ನೀವು ಅಂಗೈ ನೆಕ್ಕಿ ಪಕ್ಕಕ್ಕೆ ತಿರುಗೋದು ತುಂಬ ಚೆನ್ನಾಗಿ ಬಂದಿದೆ, ಮಾತು ಮಾತ್ರ ಅಳಿಸ್ತೀನಿ ಅಂತ.

ಚಿತ್ರ ಇರಲಿ ಅಂದೆ. ಚಿತ್ರ ಏನು ಹೇಳುತ್ತೆ ಪಾಪ.

ಆದರೂ ಒಳಗಿಂದ ಒಂದು ಹಿಡಿ ಉಪ್ಪು ತಂದು ಅವಳ ಕೈಲಿಟ್ಟೆ. ಆಣೆ ಮಾಡು ಅಂದೆ — ಎಲ್ಲೂ ಇಟ್ಕೊಳ್ಳಲ್ಲ, ಬುಡದಿಂದ ಅಳಿಸ್ತೀನಿ, ಯಾರಿಗೂ ಹೇಳಲ್ಲ ಅಂತ. ಉಪ್ಪು ಹಿಡಿದು ಆಣೆ ಮಾಡಿದಳು. ಅವಳ ಕಣ್ಣಲ್ಲಿ ನೀರು ಬಂತು. ನನಗೆ ಸಮಾಧಾನ ಆಯ್ತು.

ಫೆಬ್ರವರಿ 13, ಗುರುವಾರ

ಕಲ್ಪನ ಈಗ ನಮ್ಮ ಮನೆಯವಳ ಥರ. ಇಲ್ಲೇ ಮಲಗ್ತಾಳೆ, ಇಲ್ಲೇ ಏಳ್ತಾಳೆ. ಕೆಂದಿ ಮೈ ತೊಳೆದರೂ ಸಿನಿಮಾ, ಇವರು ಬೀಡಿ ಹಚ್ಚಿದರೂ ಸಿನಿಮಾ. ಮುನಿಗಂಗಮ್ಮಕ್ಕ ಅವರೆಕಾಳು ಹಿತುಕ್ತಾ ಕೂತಿದ್ದರೆ ಇವಳು ಎದುರಿಗೆ ಕಲ್ಲಿನ ಹಾಗೆ ಕೂತಿರ್ತಾಳೆ.

"ಏನೇ ಇದು, ಸಿಪ್ಪೆ ಬಿಡಿಸೋದ ಯಾರೇ ನೋಡ್ತಾರೆ? ಒಂದು ಫೈಟಿಂಗ್ ಬ್ಯಾಡವಾ?"

ರಾಧ ಅಂದಳು, "ನಿನ್ನ ಸೊಸೇನ ಕರ್ಸು ಮುನಿಗಂಗಮ್ಮಕ್ಕ, ಫೈಟಿಂಗ್ ಆಯ್ತದೆ."

ನಕ್ಕು ನಕ್ಕು ಸಾಕಾಯ್ತು. ಕಲ್ಪನ ಮಾತ್ರ ನಗಲಿಲ್ಲ, ಕ್ಯಾಮರಾ ಅಲ್ಲಾಡುತ್ತಂತೆ. ತುಟಿ ಕಚ್ಕೊಂಡಿದ್ದಳು.

ಶ್ಯಾಮಲ ಬಂಗಾರಪೇಟೆಯಿಂದ ಫೋನ್ ಮಾಡಿದ್ದಳು. ಮಗು ಅಲ್ಲಾಡಿದ ಹಾಗಾಯ್ತಂತೆ. "ಯಾರಿಗೂ ಯೋಳ್ಬೇಡಮ್ಮ." ಇಲ್ಲ ಕಂದ, ಇಲ್ಲ ಅಂದೆ.

ಮಾರ್ಚ್ 6, ಗುರುವಾರ

ಕಲ್ಪನ ಹೊರಟಳು. ಕೂಡಿಸಿ ಕತ್ತರಿಸೋ ಕೆಲಸ ಅವಳ ಮನೇಲಿ, ತಿಂಗಳುಗಟ್ಟಲೆ ಹಿಡಿಯುತ್ತಂತೆ. ಒಂದು ಸಣ್ಣ ತುಣುಕು ಮೊದಲೇ ಇಂಟರ್‌ನೆಟ್ಟಿಗೆ ಹಾಕ್ತೀನಿ, ನೋಡಿದೋರು ಯಾರಾದರೂ ಸಹಾಯ ಮಾಡಿದರೆ ಮುಗಿಸಬಹುದು ಅಂದಳು. ಹಾಕಮ್ಮ ಅಂದೆ. ಕುಂಕುಮ ಇಟ್ಟು ರವಿಕೆ ಕಣ ಕೊಟ್ಟೆ. ಕೆಂದಿಗೂ ಮುತ್ತಿಟ್ಟು ಹೋದಳು, ಹುಚ್ಚಿ.

ಮನೆ ಬಿಕೋ ಅಂತಿದೆ. ನೋಡೋರು ಇದ್ದರೆ ಪಾತ್ರೆ ಉಜ್ಜೋಕೂ ಒಂದು ಹುರುಪು.

ಏಪ್ರಿಲ್ 9, ಬುಧವಾರ

ಹೆಂಗೆ ಬರೀಲಿ...

ಡೈರಿಯಲ್ಲಿ ನಿಂತಿದ್ದೆ. ಹುಡುಗರು ಫೋನ್ ನೋಡ್ತಾ ನನ್ನನ್ನೇ ನೋಡ್ತಿದ್ದರು. ರಾಧ ಓಡಿ ಬಂದಳು, ಮುಖ ಕಪ್ಪಿಟ್ಟಿತ್ತು. "ಅಕ್ಕ, ಬಾ ಈಕಡೆ."

ಕಲ್ಪನ ಹಾಕಿದ ತುಣುಕಲ್ಲಿ ಒಂದು ಚೂರು ಯಾರೋ ಕತ್ತರಿಸಿದಾರೆ. ಅವಳ ಕ್ಯಾಮರಾ ಅನ್ನದ ಕೊಪ್ಪರಿಗೆಯ ಈಚೆ ಇತ್ತು, ನಾನು ಆಚೆ. ನಾನು ಬಗ್ಗಿದೆ, ಉಗಿದೆ. ಮೋರಿ ನನ್ನ ಕಾಲ ಹತ್ತಿರ. ಚಿತ್ರದಲ್ಲಿ ಮೋರಿ ಇಲ್ಲ. ಕೊಪ್ಪರಿಗೆ ಮಾತ್ರ ಇದೆ, ಅನ್ನದ ಹಬೆ ಇದೆ, ನನ್ನ ಬಾಯಿ ಇದೆ. ಮಾತಿಲ್ಲ. ಮಾತಿದ್ದ ಜಾಗದಲ್ಲಿ ಯಾವುದೋ ಡಬಡಬ ಸಂಗೀತ ಸೇರಿಸಿದಾರೆ. ಮೇಲೆ ಕೆಂಪು ಅಕ್ಷರ: ಮದುವೆ ಅನ್ನಕ್ಕೆ ಉಗಿಯುವ ಅಡುಗೆಯವಳು, ನಿಮ್ಮೂರಿಗೂ ಬರಬಹುದು, ಎಲ್ಲರಿಗೂ ಕಳಿಸಿ.

ಎಲ್ಲರಿಗೂ ಕಳಿಸಿದಾರೆ. ಕ್ಯಾಸಂಬಳ್ಳಿಯಲ್ಲಿ, ಬಂಗಾರಪೇಟೆಯಲ್ಲಿ, ಬಸ್ಸಲ್ಲಿ, ರೈಲಲ್ಲಿ. ಅಳಿಯ ಸುಧಾಕರ್ ಕೆಲಸಕ್ಕೆ ಹೋಗೋ ರೈಲಲ್ಲೇ ನೋಡಿದನಂತೆ. ಫೋನ್ ಮಾಡಲಿಲ್ಲ.

ಏಪ್ರಿಲ್ 10

ಇವರು ಬೆಳಗ್ಗೆಯಿಂದ ಒಂದೇ ಮಾತು. "ಉಗಿದ್ಯಾ, ಉಗಿಲಿಲ್ವಾ?"

"ಅನ್ನಕ್ಕೆ ಉಗಿದಿಲ್ಲ. ಮೋರಿಗೆ ಉಗಿದೆ."

"ಯಾಕೆ ಉಗಿದೆ?"

ಮೊರ ಎಳ್ಕೊಂಡು ಅಕ್ಕಿ ಆರಿಸೋಕೆ ಕೂತೆ.

"ಯಾಕೆ ಉಗಿದೆ ಅಂತ ಕೇಳ್ತಾ ಇವ್ನಿ. ಮೂಗಿ ತರ ಕುಂತ್ರೆ ಊರಿಗೆ ಏನಂತ ಯೋಳ್ಲಿ ನಾನು?"

ಕಣ್ಣು ಮುಚ್ಚಿ ಕೂತೆ. ಶ್ಯಾಮಲನಿಗೆ ಆರು ತುಂಬಿ ಏಳಕ್ಕೆ ಬೀಳುತ್ತೆ ಇನ್ನೇನು. ಇಷ್ಟು ದೂರ ಇದೊಂದೇ ಬಂದದ್ದು.

ಇವರು ಟವಲ್ ಕೊಡವಿ ಎದ್ದು ಹೋದರು. ಮಧ್ಯಾಹ್ನ ಊಟಕ್ಕೆ ಬರಲಿಲ್ಲ.

ಏಪ್ರಿಲ್ 14, ಸೋಮವಾರ

ಬಂಗಾರಪೇಟೆಗೆ ಹೋಗಿದ್ವಿ ಮೂವರೂ. ಕಲ್ಯಾಣ ಮಂಟಪದ ಅಶ್ವತ್ಥಪ್ಪ ಕರೆಸಿದ್ದರು. ಈ ಬೇಸಿಗೆ ಮದುವೆಗಳೆಲ್ಲ ನಮಗೇ ಹೇಳಿದ್ದೋರು ಅವರು. ಒಳ್ಳೆ ಮನುಷ್ಯ. ಒಳ್ಳೆಯೋರ ಎದುರಿಗೆ ನಿಲ್ಲೋದೇ ಕಷ್ಟ.

"ನೋಡಮ್ಮ ಆದಿಲಕ್ಷ್ಮಮ್ಮ. ನಿನ್ನ ಕೈಯಡುಗೆ ನಾನೂ ಉಂಡೋನು. ಅನ್ನಕ್ಕೆ ಉಗಿಯೋಳು ನೀನಲ್ಲ, ನಂಗೊತ್ತು. ಎರಡು ಕಡೆ ಬೀಗರೂ ಫೋನ್ ಮಾಡಿ ಕೇಳ್ತಾವ್ರೆ. ಅವರಿಗೆ ನಾನು ಏನಂತ ಯೋಳ್ಲಿ? ಯಾಕೆ ಉಗಿದೆ, ಅದೊಂದು ಯೋಳು."

ಮುನಿಗಂಗಮ್ಮಕ್ಕ ಹಿಂದಿಂದ ತಿವಿದಳು. ದಾರಿಯಲ್ಲಿ ಬಸ್ಸಲ್ಲೇ ಪಾಠ ಮಾಡಿದ್ದಳು, ಹಲ್ಲುನೋವು ಅನ್ನು, ಇಲ್ಲ ಏನಾದರೂ ಅನ್ನು ಅಂತ. ನಾನು ಬಾಯಲ್ಲಿ ಹುಣ್ಣಾಗಿತ್ತು ಅಂದೆ. ನನ್ನ ಬಾಯಿಗೆ ಹುಳ ಬೀಳ.

ಅಶ್ವತ್ಥಪ್ಪ ಮುಖ ಮುರಿದರು. "ಹುಣ್ಣಿರೋ ಬಾಯಲ್ಲಿ ಉಪ್ಪು ನೋಡ್ತಿದ್ಯಾ? ಅದು ಇನ್ನೂ ಕೆಡುಕಾಯ್ತಲ್ಲಮ್ಮ."

ಅಲ್ಲಿಗೆ ಮುಗೀತು. ಬೇರೆಯವರಿಗೆ ಹೇಳ್ತೀನಿ ಅಂದರು. ಮುನಿಗಂಗಮ್ಮಕ್ಕ, ರಾಧ ಬೇಕಾದರೆ ಅವರ ಜೊತೆ ಬರಲಿ ಅಂದರು.

ಬಸ್‌ಸ್ಟ್ಯಾಂಡಿನಲ್ಲಿ ರಾಧ ಅತ್ತಳು. "ನಾನು ಓಗಲ್ಲ ಅಕ್ಕ, ನಿನ್ನ ಬಿಟ್ಟು." ಹೋಗು ಅಂದೆ. ಅವಳ ಗಂಡ ಮೂಲೆ ಹಿಡಿದು ಮಲಗಿರೋನು. ಹೋಗದೇ ಹೆಂಗೆ?

ಏಪ್ರಿಲ್ 18, ಶುಕ್ರವಾರ

ಉಪವಾಸ. ಅಡುಗೆ ಇಲ್ಲ. ಉಪ್ಪು ನೋಡೋ ಕೆಲಸ ಇಲ್ಲ. ಇದು ಸಲೀಸು... ಸಲೀಸಾದ ಉಪವಾಸ ತಾಯಿಗೆ ಸೇರುತ್ತೋ ಇಲ್ಲವೋ.

ಕಲ್ಪನ ಬಂದಿದ್ದಳು. ಇಳಿದು ಹೋಗಿದಾಳೆ. ಆ ತುಣುಕು ತೆಗೆದುಹಾಕಿದಾಳಂತೆ, ಕತ್ತರಿಸಿದೋರದ್ದು ತೆಗೆಯೋಕೆ ಆಗ್ತಿಲ್ಲವಂತೆ. ಅವಳಿಗೂ ಬೈಗುಳದ ಫೋನು. ಹೆಣ್ಣುಮಗಳಿಗೆ ಬರಬಾರದ ಮಾತು.

"ನಾನು ಸಿನಿಮಾದಲ್ಲಿ ನನ್ನ ಮಾತು ಸೇರಿಸಲ್ಲ ಅಮ್ಮ. ವಿವರಿಸಬಾರದು, ನೋಡೋರೇ ನೋಡಿ ತಿಳ್ಕೋಬೇಕು ಅಂತ ನಂಬಿದ್ದೆ. ಹಿಂಗೂ ನೋಡ್ತಾರೆ ಅಂತ..."

ಆಮೇಲೆ ಅಂದಳು, "ನಾನು ಹೇಳ್ತೀನಿ. ಅಶ್ವತ್ಥಪ್ಪೋರ ಹತ್ತಿರ ಹೋಗಿ, ನೀವು ವ್ರತದಲ್ಲಿದ್ರಿ ಅಂತ ನಾನೇ ಹೇಳ್ತೀನಿ. ನೀವು ಹೂಂ ಅನ್ನಿ ಸಾಕು."

ಬೇಡ ಅಂದೆ. ಉಪ್ಪು ಹಿಡಿದಿದೀಯ, ನೆನಪಿರಲಿ ಅಂದೆ. ಜುಲೈ ಬರಲಿ. ಮಗು ಅಳೋ ಸದ್ದು ಕೇಳಲಿ. ಆಮೇಲೆ ಊರ ಮಧ್ಯ ನಿಂತು ನಾನೇ ಕೂಗಿ ಹೇಳ್ತೀನಿ.

"ಅಲ್ಲೀ ತನಕ?"

ಅಲ್ಲೀ ತನಕ ಉಗುಳೋಳು ಅನ್ನಿಸ್ಕೋತೀನಿ. ಹೆಸರು ಹೋದರೆ ನನ್ನದು ತಾನೆ.

ನನ್ನ ಕಾಲು ಮುಟ್ಟಿ ಹೋದಳು. ಕೆಂದಿ ಹತ್ತಿರ ಹೋಗಲಿಲ್ಲ ಈ ಸಲ.

ಮೇ 4, ಭಾನುವಾರ

ಶ್ಯಾಮಲನ ಸೀಮಂತ. ಏಳು ತಿಂಗಳು.

ತವರಿನ ಬುತ್ತಿ ತಾಯಿ ಮಾಡಬೇಕು. ಮೊನ್ನೆಯಿಂದ ಮಾಡಿದೆ. ಪುಳಿಯೋಗರೆ, ಚಿತ್ರಾನ್ನ, ಮೊಸರನ್ನ, ಎಳ್ಳನ್ನ, ಬೆಲ್ಲದನ್ನ. ತಂಬಿಟ್ಟು. ಕಜ್ಜಾಯ ಅವಳಿಗೆ ಇಷ್ಟ, ಪಾಕ ನೋಡಿ ನೋಡಿ ಮಾಡಿದೆ. ಹಸಿರು ಸೀರೆ, ಬಳೆ. ಬುಟ್ಟಿ ತಲೆ ಮೇಲೆ ಹೊತ್ತೇ ಬಂಗಾರಪೇಟೆ ಬಸ್ಸು ಹತ್ತಿದೆ, ಕೆಳಗಿಡಬಾರದು ಅಂತ.

ಬಾಗಿಲಲ್ಲೇ ಬೀಗಿತ್ತಿ. ನಗುತ್ತಲೇ ಬುಟ್ಟಿ ಇಸ್ಕೊಂಡರು. "ಬನ್ನಿ, ಕೂತ್ಕೊಳ್ಳಿ. ಅಡುಗೆ ಎಲ್ಲ ಒರಗೆ ಯೋಳಿದೀವಿ, ನೀವೇನೂ ಕೈ ಆಕ್ಬೇಡಿ." ಬುಟ್ಟಿ ಒಳಗಿನ ರೂಮಿಗೆ ಹೋಯ್ತು. ಬಾಗಿಲು ಹಾಕಿದರು.

ಶ್ಯಾಮಲ ಮಣೆ ಮೇಲೆ ಕೂತಿದ್ದಳು, ಮುಖ ತುಂಬಿಕೊಂಡು. ಗಂಗಮ್ಮನೇ ಕೂತ ಹಾಗೆ. ಆರತಿ ಎತ್ತಿದೆ. ಬಾಯಿಗೆ ಸಿಹಿ ಇಡೋ ಹೊತ್ತಿಗೆ ನನ್ನ ಸೆರಗಲ್ಲಿ ಕಟ್ಟಿಕೊಂಡಿದ್ದ ಒಂದು ಕಜ್ಜಾಯ ಮುರಿದು ಇಡೋಕೆ ಹೋದೆ. ಅವಳು ಅತ್ತೆ ಮುಖ ನೋಡಿದಳು. ಬಾಯಿ ತೆಗೀಲಿಲ್ಲ.

"ಆಮೇಲೆ ತಿಂತೀನಮ್ಮ."

ಆ ಮಾತು ನನ್ನದು. ಶುಕ್ರವಾರ ಎಲೆ ಮುಂದೆ ನಾನು ಅನ್ನೋ ಮಾತು. ನನಗೆ ಗೊತ್ತಿಲ್ಲವಾ ಅದರ ಅರ್ಥ?

ಹೊರಡುವಾಗ ಬುಟ್ಟಿ ವಾಪಸ್ ಕೊಟ್ಟರು. ಮೇಲೆ ಬಾಳೆಹಣ್ಣು, ವೀಳ್ಯ ಇಟ್ಟಿದ್ದರು. ಕೆಳಗೆ ನಾನು ಕಟ್ಟಿದ ಗಂಟು ಕಟ್ಟಿದ ಹಾಗೇ ಇತ್ತು.

ಹೇಳಿಬಿಡಲಾ ಅನ್ನಿಸ್ತು. ಅವಳ ಕಿವಿಯಲ್ಲಿ ಒಂದೇ ಒಂದು ಮಾತು. ನಾಲಿಗೆ ತುದಿಗೆ ಬಂತು. ಅವಳು ಹೊಟ್ಟೆ ಮೇಲೆ ಕೈ ಇಟ್ಕೊಂಡು ನಿಂತಿದ್ದಳು, ನೋಡಿ ನುಂಗಿಕೊಂಡೆ.

ಬುತ್ತಿ ಕೆಂದಿಗೆ ಹಾಕಿದೆ. ತಿಂದಳು. ಕಜ್ಜಾಯ ಇವರು ತಿಂದರು. ತಿಂದರಲ್ಲ, ಅದೇ ನನಗೆ ದೊಡ್ಡದು.

ಮೇ 16, ಶುಕ್ರವಾರ

ಉಪವಾಸ. ಹಾಲು, ಕೊಟ್ಟಿಗೆ, ದೀಪ.

ರಾಧ ಬಂದಿದ್ದಳು. ಹೊಸ ಗುಂಪಿನೋರು ಉಪ್ಪು ಜಾಸ್ತಿ ಹಾಕ್ತಾರಂತೆ, ಸಾರು ಬಾಯಿಗಿಡೋಕಾಗಲ್ಲ ಅಂತ ಜನ ಬೈತಾರಂತೆ. ನಗಿಸೋಕೆ ಹೇಳಿದಳು.

ಮಗು ಚೆನ್ನಾಗಿ ಒದೀತಿದೆ ಅಂತ ಶ್ಯಾಮಲ ಇವರಿಗೆ ಫೋನ್ ಮಾಡಿದ್ದಳಂತೆ. ನನಗಲ್ಲ. ಆದರೂ ಸರಿ. ಒದೀಲಿ.

ಮೇ 23, ಶುಕ್ರವಾರ

ಹೊತ್ತಾರೆ ಎದ್ದು ಉಪ್ಪು ಹಾಕಿದ ಮಜ್ಜಿಗೆ ಕುಡಿದೆ.

ಜೂನ್ 2, ಸೋಮವಾರ

ಬರೆಯೋಕೆ ಕೈ ಬಂದಿರಲಿಲ್ಲ.

ಮಜ್ಜಿಗೆ ಕುಡಿದ ಶುಕ್ರವಾರದ ಹಿಂದಿನ ಮಂಗಳವಾರ ಮಧ್ಯಾಹ್ನ ಮಗು ಅಲ್ಲಾಡ್ತಿಲ್ಲ ಅಂದಳಂತೆ. ಆಸ್ಪತ್ರೆಗೆ ಹೋಗೋ ಹೊತ್ತಿಗೆ ಒಳಗೇ ನಿಂತುಹೋಗಿತ್ತು. ಬಿಪಿ ಅಂತ ಡಾಕ್ಟ್ರು. ಗಂಡು. ತಲೆ ತುಂಬ ಕೂದಲು. ಸುಧಾಕರ್ ಬಟ್ಟೆಯಲ್ಲಿ ಸುತ್ತಿ ಹಿಡಿದಿದ್ದ. ಒಂದು ಗಳಿಗೆ ನನ್ನ ಕೈಗೆ ಕೊಟ್ಟ. ತೂಕ ಇತ್ತು.

ಬೀಗಿತ್ತಿ ವಾರ್ಡಿನಲ್ಲಿ ಎಲ್ಲರಿಗೂ ಕೇಳೋ ಹಾಗೆ ಅಂದರು, "ಅನ್ನಕ್ಕೆ ಉಗಿದ ಪಾಪ ಎಲ್ಲಿಗೆ ಓಗ್ತದೆ? ಮಗಳ ಒಟ್ಟೆಗೇ ಬತ್ತದೆ."

ನಾನು ಗಂಜಿ ತಗೊಂಡು ಹೋಗಿದ್ದೆ. ಚಮಚ ಬಾಯಿ ಹತ್ತಿರ ಹಿಡಿದೆ. ಶ್ಯಾಮಲ ಗೋಡೆ ಕಡೆ ತಿರುಗಿದಳು. ಗೋಡೆಗೇ ಹೇಳೋ ಹಾಗೆ—

"ನಿಜ ಯೋಳಮ್ಮ. ಉಗಿದ್ಯಾ?"

ಇನ್ನು ಮುಚ್ಚೋದು ಯಾರಿಗೆ? ಹೇಳಿದೆ. ಎಲ್ಲ ಹೇಳಿದೆ. ಶುಕ್ರವಾರ, ಉಪ್ಪು, ಮೋರಿ, ತಾಯಿ, ನಿನಗೋಸ್ಕರ ಕಣೇ ಅಂತ.

ಅವಳು ತಿರುಗಿ ನನ್ನನ್ನ ನೋಡಿದಳು. ಬೈದಿದ್ದರೆ ಚೆನ್ನಾಗಿತ್ತು.

"ಅವತ್ತು ಬಾಯಲ್ಲಿ ಉಣ್ಣಾಗಿತ್ತು ಅಂದ್ಯಂತೆ. ಇವತ್ತು ಅರಕೆ ಅಂತೀಯ. ನನ್ನ ಮಗು ಎಸರಲ್ಲಿ ಯಾಕಮ್ಮ ಕತೆ ಕಟ್ತೀಯ..."

ಗಂಜಿ ಆರಿಹೋಯ್ತು. ಪಕ್ಕದ ಹಾಸಿಗೆಯವಳಿಗೆ ಕೊಡೋಣ ಅಂತ ನೋಡಿದೆ. ಅವಳೂ ಬೇಡ ಅಂದಳು.

ಜೂನ್ 4

ಇವರಿಗೂ ಹೇಳಿದೆ. ಬೀಡಿಯಲ್ಲಿ ಕೈ ಸುಟ್ಟುಕೊಂಡರು. "ನಂಗಾದ್ರೂ ಒಂದು ಮಾತು ಯೋಳಿದ್ರೆ..." ಅಂದರು. ನಂಬಿದರೋ, ಪಾಪ ಅನ್ನಿಸ್ತೋ ಗೊತ್ತಿಲ್ಲ. ಎದ್ದು ಹೋಗಿ ಕೊಟ್ಟಿಗೆ ಬಾಚಿದರು. ನಾನು ಆಗಲೇ ಬಾಚಿದ್ದೆ.

ಮುನಿಗಂಗಮ್ಮಕ್ಕನಿಗೆ ಹೇಳಿದೆ. ತಲೆ ಮೇಲೆ ಮೊಟಕಿದಳು. "ಅಲ್ವೇ ಲೌಡಿ, ಅಸ್ಕೊಂಡು ಮುನ್ನೂರು ಜನಕ್ಕೆ ಅಡುಗೆ ಮಾಡ್ತಿದ್ಯಾ? ನಂಗೆ ಯೋಳಿದ್ರೆ ಉಪ್ಪು ನಾನು ನೋಡ್ತಿರ್ಲಿಲ್ವಾ?" ಅಂತ ಬೈದು, ತಬ್ಕೊಂಡು ಅತ್ತಳು. ಆಮೇಲೆ ಅವಳೇ ಅಂದಳು, ಊರು ನಂಬಲ್ಲ ಕಣೇ, ಆವಾಗ ಯೋಳದೇ ಇದ್ದದ್ದು ಈವಾಗ ಯೋಳಿದ್ರೆ ಯಾರೂ ನಂಬಲ್ಲ.

ಊರು ಬಿಡು. ಊರು ಬೇಕಾಗಿಲ್ಲ ನನಗೆ.

ಅಕ್ಕಯ್ಯಮ್ಮನ ಹತ್ತಿರ ಹೋಗಿದ್ದೆ. ಯಾರಿಗಾದರೂ ಬಾಯಿಬಿಟ್ಟಿದ್ಯಾ ಅಂತ ಕೇಳಿದಳು. ಜೀರುಂಡೆ ಗಾತ್ರದ ಮೈಕು ನೆನಪಾಯ್ತು. ತಾಯಿಗೆ ಅಂತ ಹೇಳ್ಕೊಂಡದ್ದು ಕಲ್ಪನನ ಕಿವಿಗೆ ಬಿದ್ದಿತ್ತಲ್ಲ. ಅದೂ ಲೆಕ್ಕಕ್ಕೆ ಬರುತ್ತಾ? ಕೇಳೋಕೆ ಧೈರ್ಯ ಬರಲಿಲ್ಲ. ಇಲ್ಲ ಅಂದೆ. ಗುಡಿಯೊಳಗೆ ನಿಂತು ಇಲ್ಲ ಅಂದೆ.

ಜೂನ್ 6, ಶುಕ್ರವಾರ

ಶ್ಯಾಮಲ ಬಾಣಂತನಕ್ಕೂ ಬರಲ್ಲವಂತೆ. ಮಗು ಇಲ್ಲದ ಬಾಣಂತಿಗೆ ತವರು ಯಾಕೆ ಅಂದಳಂತೆ. ಅದು ಅವಳ ಮಾತೋ, ಅವಳತ್ತೆ ಮಾತೋ. ಎದೆ ಹಾಲು ಕಟ್ಟಿ ಜ್ವರ ಬಂದಿದೆಯಂತೆ. ಹಸೀ ಮೈ. ಸುಡು ಸುಡು ಅನ್ನ, ಮೆಣಸು, ಬೆಳ್ಳುಳ್ಳಿ ಹಾಕಿದ ಸಾರು ತಿನ್ನಬೇಕಾದವಳು. ಯಾರು ಮಾಡಿಕೊಡ್ತಾರೆ?

ಕೆಂದಿ ಹಾಲು ಹಿಂಡುವಾಗ ಹೊಳೀತು. ಆ ದನಿ.

ಈಗ ನಾನು ಸಾವಿರ ಹೇಳಿದರೂ ಕತೆ. ಅವತ್ತು ಕಾಮಸಮುದ್ರದಲ್ಲಿ, ಯಾರೂ ಕೇಳ್ತಿಲ್ಲ ಅಂತ ಹೇಳ್ಕೊಂಡದ್ದು ಕತೆ ಅಲ್ಲ. ಅದರಲ್ಲಿ ಅವಳ ಹೆಸರಿದೆ. ನನ್ನ ಶ್ಯಾಮಲನ ಮಡಿಲು ತುಂಬು ಅಂತ ಇದೆ. ಅದೊಂದು ಅವಳ ಕಿವಿಗೆ ಬಿದ್ದರೆ...

ಆದರೆ ಅಳಿಸು ಅಂದವಳು ನಾನೇ. ಬುಡದಿಂದ ಅಂದೆ. ಉಪ್ಪು ಕೈಲಿಟ್ಟು ಆಣೆ ಹಾಕಿಸಿದೆ.

ಕಲ್ಪನ ಒಳ್ಳೆ ಹುಡುಗಿ. ಮಾತು ಉಳಿಸ್ಕೊಳ್ಳೋಳು. ಅದೇ ಭಯ. ಏಪ್ರಿಲಲ್ಲಿ ಬಂದಾಗ "ನಾನೇ ಹೇಳ್ತೀನಿ" ಅಂದಳು. "ಕೇಳಿಸ್ತೀನಿ" ಅನ್ನಲಿಲ್ಲ. ಇದ್ದಿದ್ದರೆ ಕೇಳಿಸ್ತೀನಿ ಅಂತಿರಲಿಲ್ಲವಾ? ಇಲ್ಲಾ, ಇಟ್ಕೊಂಡಿದೀನಿ ಅಂತ ಗೊತ್ತಾದರೆ ನಾನು ಬೈತೀನಿ ಅಂತ ಹಾಗಂದಳಾ?

ಗಂಗಮ್ಮನ ಮುಂದೆ ದೀಪ ಇಟ್ಟು, ಆ ಹುಡುಗಿ ಆಣೆ ಮುರಿದಿರಲಿ ಅಂತ ಬೇಡ್ಕೊಂಡೆ. ಉಪ್ಪು ಹಿಡಿದು ಸುಳ್ಳಾಡಿರಲಿ, ಅದರ ಪಾಪ ನನಗೆ ಬರಲಿ. ಇಂಥದ್ದನ್ನ ಯಾರಾದರೂ ಬೇಡ್ತಾರಾ? ದೀಪ ಉರೀತಾನೇ ಇತ್ತು. ತಾಯಿ ಹೂವು ಬೀಳಿಸಲಿಲ್ಲ, ಎಡಕ್ಕೂ ಇಲ್ಲ, ಬಲಕ್ಕೂ ಇಲ್ಲ.

ಜೂನ್ 7, ಶನಿವಾರ

ಕಲ್ಪನನ ನಂಬರ್ ಹತ್ತಲ್ಲ. ಬೈಗುಳ ತಡೀಲಾರದೆ ಬಂದ್ ಮಾಡಿದಾಳೆ ಅಂತ ರಾಧ. ಕೋರಮಂಡಲ್‌ನಲ್ಲಿ ಅವಳ ತಾಯಿ ಇದಾರೆ, ಹಳೇ ಗಣಿ ಲೈನ್ ಮನೆ. ರಾಧ ಹೋಗಿ ವಿಚಾರಿಸಿ ಬಂದಳು. ತಾಯಿ ಬಾಗಿಲು ಪೂರ್ತಿ ತೆಗೀಲಿಲ್ಲವಂತೆ ಮೊದಲು, ಯಾರೋ ಬೈಯೋಕೆ ಬಂದಿದಾರೆ ಅಂತ. ಆಮೇಲೆ "ಉಳ್ಳೆ ವಾಮ್ಮಾ" ಅಂತ ತಮಿಳಲ್ಲಿ ಒಳಗೆ ಕರೆದು ಕಾಫಿ ಕೊಟ್ಟರಂತೆ. ಮಗಳು ಸಿನಿಮಾ ಬಿಟ್ಟಿದಾಳೆ, ಕ್ಯಾಮರಾ ಮಾರೋಕೆ ಇಟ್ಟಿದಾಳೆ ಅಂದರಂತೆ. ನಾಳೆ ಬೆಳಗ್ಗೆ ರೈಲಿಗೆ ಬರ್ತಾಳೆ, ಸಂಜೆ ಮತ್ತೆ ಹೊರಡ್ತಾಳೆ.

ಕ್ಯಾಮರಾ ಮಾರೋಳು ಒಳಗಿದ್ದದ್ದನ್ನೆಲ್ಲ ಒರೆಸಿಯೇ ಮಾರ್ತಾಳೆ ಅಲ್ಲವಾ ಅಂತ ರಾಧನ್ನ ಕೇಳಿದೆ. "ಅದು ಬೇರೆ ಕಡೆ ಇಕ್ಕಿರ್ತಾರೆ ಅಕ್ಕ, ಸುಮ್ಕಿರು" ಅಂದಳು. ಅವಳಿಗೂ ಗೊತ್ತಿಲ್ಲ.

ಜೂನ್ 8, ಭಾನುವಾರ

ಕೊಟ್ಟಿಗೆ ಬಾಚಿದೆ. ರಂಗೋಲಿ ಬಿಡಲಿಲ್ಲ, ಸೂತಕ ಯಾರದ್ದು ಅಂತ ಯಾರೂ ಕೇಳಲಿಲ್ಲ.

ನಾನೇ ಹೋಗ್ತೀನಿ ಅಂದೆ. ಇವರು ಬೇಡ ಅಂದರು, ಬಸ್ಸಲ್ಲಿ ಯಾರಾದರೂ ಏನಾದರೂ ಅಂದರೆ ಅಂತ. ನಿಜ ಹೇಳಬೇಕು ಅಂದರೆ ನನಗೂ ಕಾಲು ಬರಲಿಲ್ಲ. ಇಲ್ಲ ಅನ್ನೋದನ್ನ ಅವಳ ಮುಖ ನೋಡ್ಕೊಂಡು ಕೇಳೋಕೆ ಆಗಲ್ಲ.

ರಾಧ ತಯಾರಾಗಿ ಬಂದಿದಾಳೆ. ಅಂಗಳದಲ್ಲಿ ಇವರ ಜೊತೆ ಮಾತಾಡ್ತಾ ನಿಂತಿದಾಳೆ. ಒಲೆ ಮೇಲೆ ಬಾಣಂತಿ ಸಾರು ಕುದೀತಾ ಇದೆ. ಮೆಣಸು, ಬೆಳ್ಳುಳ್ಳಿ. ಉಪ್ಪು ನೋಡಿದೆ. ಉಗಿಲಿಲ್ಲ, ನುಂಗಿದೆ. ಸರಿಯಾಗಿದೆ. ಆ ದನಿ ಇದೆ ಅಂದರೆ ಈ ಸಾರು ಬಂಗಾರಪೇಟೆಗೆ ಹೋಗುತ್ತೆ. ಇಲ್ಲ ಅಂದರೆ ಕೆಂದಿಯ ಕಲಗಚ್ಚಿನ ಬಾನಿಗೆ.

ರಾಧ ಕರೀತಿದಾಳೆ. "ಅಕ್ಕ, ಬಸ್ಸು ಬತ್ತದೆ. ಏನಂತ ಕೇಳ್ಲಿ?"

ಬೇರೆ ಏನೂ ಕೇಳಬೇಡ ರಾಧ. ಬೈಯಬೇಡ, ಅಳಬೇಡ, ಅವಳನ್ನೂ ಅಳಿಸಬೇಡ. ಇದೆಯಾ ಇಲ್ಲವಾ ಅಂತ ಒಂದೇ ಮಾತು ಕೇಳು. ಏನಂದಳೋ ಅದನ್ನ ಹಾಗೇ, ಅವಳ ಬಾಯಲ್ಲಿ ಹೆಂಗೆ ಬಂತೋ ಹಂಗೇ, ನನಗೆ ತಂದು ಹೇಳು.